ಹಾಡೆಲ್ಲಿದೆ ಇದರಲ್ಲಿ?

ಹಾಡಿನ ಹೆಸರು ಹೇಳಿ, ಪ್ಲೇಟು ಹಾಕಿ, ಮೂರು ನಿಮಿಷ ಪಕ್ಕದಲ್ಲಿ ಕೂರಿಸಿಕೊಂಡು ಕೇಳಿಸಿದ ಮೇಲೆ, ಕೇಳಿದವರು ‘ಎಲ್ಲಾ ಸರಿ, ಹಾಡು ಯಾವಾಗ ಶುರುವಾಗುತ್ತೆ?’ ಎಂದರೆ ಹಾಕಿದವನ ಮುಖ ಏನಾಗಬೇಡ! ಕೋಲ್ಮನ್ ಹಾಕಿನ್ಸ್ ಸ್ಯಾಕ್ಸೊಫೋನಿನಲ್ಲಿ ನುಡಿಸಿದ ‘ಬಾಡಿ ಅಂಡ್ ಸೋಲ್’ ಅನ್ನು ಯಾರಿಗೆ ಕೇಳಿಸಿದರೂ ನನಗೆ ಇದೇ ಗತಿ. ಈಗ ಪ್ಲೇಟೂ ಇಲ್ಲ, ಮುಳ್ಳೂ ಇಲ್ಲ, ಎಲ್ಲ ಫೋನಿನಲ್ಲೇ. ಆದರೂ ಬಾಯಲ್ಲಿ ಬರುವುದು ಪ್ಲೇಟು ಎಂದೇ. ನನ್ನ ಹೆಂಡತಿಯ ತಮ್ಮ ಕಛೇರಿ ಬಿಡದೆ ಕೇಳುವವನು, ತಾಳ ತಪ್ಪಿದರೆ ಹುಬ್ಬು ಗಂಟಿಕ್ಕುವವನು. ಅವನೂ ಕೇಳಿ ಮುಗಿಸಿ, ‘ಭಾವ, ಇದು ಬರೀ ಆಲಾಪನೆ ಆಯ್ತಲ್ಲ, ಕೃತಿ ಎಲ್ಲಿ?’ ಅಂದ.

ಅವನು ಕೇಳಿದ್ದರಲ್ಲಿ ತಪ್ಪೇನಿಲ್ಲ. ಜಾಝ್‌ನಲ್ಲಿ ಅತಿ ಹೆಚ್ಚು ಸಲ ರೆಕಾರ್ಡ್ ಆದ ಹಾಡುಗಳ ಸಾಲಿನಲ್ಲಿ ಮೊದಲಿಗೇ ಬರುವ ಹಾಡು ಇದು. ಆ ರೆಕಾರ್ಡುಗಳಲ್ಲೆಲ್ಲ ಹೆಸರಾದದ್ದು, ಹಾಡಿನ ಮಟ್ಟು ಹೆಚ್ಚುಕಡಿಮೆ ಇಲ್ಲವೇ ಇಲ್ಲ ಎನ್ನಬಹುದಾದ ಒಂದು ಪ್ಲೇಟು. ಹಾಡಿನ ಚರಿತ್ರೆ ಎಂದರೆ ಅದನ್ನು ಬರೆದವರ, ಹಾಡಿದವರ ಚರಿತ್ರೆ ಎಂದು ನಾವು ಅಂದುಕೊಂಡಿರುತ್ತೇವೆ. ಇಲ್ಲಿ ನೋಡಿದರೆ ಅದನ್ನು ಹಾಡದೆ ಬಿಟ್ಟವನೇ ನಡುಮನೆಯಲ್ಲಿ ಕೂತಿದ್ದಾನೆ.

ಮೊದಲು ಬರೆದವರಿಗೆ ಸಲ್ಲಬೇಕಾದದ್ದು ಸಲ್ಲಲಿ. ಮಟ್ಟು ಹಾಕಿದವನು ನ್ಯೂಯಾರ್ಕಿನ ಜಾನಿ ಗ್ರೀನ್. ಹಾರ್ವರ್ಡ್‌ನಲ್ಲಿ ಅರ್ಥಶಾಸ್ತ್ರ ಓದಿದವನು. ಅಪ್ಪನ ಒತ್ತಾಯಕ್ಕೆ ವಾಲ್ ಸ್ಟ್ರೀಟಿನ ಷೇರು ವ್ಯವಹಾರಕ್ಕೆ ಸೇರಿ, ಕೆಲವೇ ತಿಂಗಳಲ್ಲಿ ಬಿಟ್ಟು ಪಿಯಾನೋ ಮುಂದೆ ಕೂತ. 1929ರಲ್ಲಿ ಆ ಬೀದಿಗೆ ಏನಾಯಿತೆಂದು ನೆನೆದರೆ, ಮಗನ ಹಟವೇ ಅಪ್ಪನ ಬುದ್ಧಿಗಿಂತ ಲಾಭದ್ದಾಯಿತು ಅನ್ನಬೇಕು. ಇಂಗ್ಲೆಂಡಿನ ನಟಿ ಗರ್ಟ್ರೂಡ್ ಲಾರೆನ್ಸ್‌ಗೆ ಪಕ್ಕವಾದ್ಯ ನುಡಿಸುತ್ತಿದ್ದ ಅವನು, ಅವಳಿಗೆಂದು ಮಾಡಿದ ಹಾಡು ಇದು. ಆಗ ಅವನಿಗೆ ಇಪ್ಪತ್ತೆರಡೂ ತುಂಬಿರಲಿಲ್ಲ. ಸಾಹಿತ್ಯಕ್ಕೆ ಎಡ್ವರ್ಡ್ ಹೇಮನ್, ರಾಬರ್ಟ್ ಸೋರ್, ಫ್ರ್ಯಾಂಕ್ ಐಟನ್ ಎಂದು ಮೂವರ ಹೆಸರಿದೆ. ಒಲಿಯದವನಿಗೆ ಒಲಿದವಳ ಗೋಳು ಅದರ ವಸ್ತು. ಕೆಲವು ಸಾಲುಗಳು ಮಟ್ಟಿಗೆ ತುಂಬಲೆಂದೇ ತುರುಕಿದ ಹಾಗಿವೆ, ಮೂವರು ಕೂತು ಮಾಡಿದರೂ. ಲಾರೆನ್ಸ್ ಹಾಡನ್ನು ಲಂಡನ್ನಿಗೆ ಒಯ್ದಳು. ಹಾಗಾಗಿ ಅಮೆರಿಕದ ಹಾಡು 1930ರಲ್ಲಿ ಮೊದಲು ಪ್ಲೇಟಾದದ್ದು ಇಂಗ್ಲೆಂಡಿನ ಡ್ಯಾನ್ಸ್ ಬ್ಯಾಂಡುಗಳ ಕೈಯಲ್ಲಿ. ಅದೇ ವರ್ಷ ಅಕ್ಟೋಬರಿನಲ್ಲಿ ಬ್ರಾಡ್‌ವೇಯ ‘ತ್ರೀಸ್ ಎ ಕ್ರೌಡ್’ ಎಂಬ ಪ್ರದರ್ಶನದಲ್ಲಿ ಲಿಬಿ ಹೋಲ್ಮನ್ ಹಾಡಿದ ಮೇಲೆ ಅದು ಊರವರ ಬಾಯಿಗೆ ಬಿತ್ತು. ಗ್ರೀನ್ ಆಮೇಲೆ ಹಾಲಿವುಡ್ ಸೇರಿ ಆಸ್ಕರ್‌ಗಳನ್ನು ಗೆದ್ದ. ಅವನ ಕಥೆ ನಮಗೆ ಇಷ್ಟು ಸಾಕು.

ಜಾಝ್‌ನವರು ಇಂಥ ನಾಟಕದ ಹಾಡು, ಸಿನಿಮಾದ ಹಾಡುಗಳನ್ನೇ ಎತ್ತಿಕೊಂಡು ಸ್ಟ್ಯಾಂಡರ್ಡ್ ಮಾಡಿಕೊಂಡವರು. ಒಬ್ಬರ ಮುಖ ಒಬ್ಬರು ನೋಡಿರದ ನಾಲ್ವರು ವೇದಿಕೆ ಹತ್ತಿ, ಹಾಡಿನ ಹೆಸರನ್ನೂ ಶ್ರುತಿಯನ್ನೂ ಹೇಳಿಕೊಂಡು ಶುರು ಮಾಡಿಬಿಡುತ್ತಾರೆ. ಅವರಿಗೆಲ್ಲ ಗೊತ್ತಿರುವುದು ಹಾಡಿನ ಅಸ್ಥಿಪಂಜರ: ಯಾವ ಬಾರ್‌ನಲ್ಲಿ, ಅಂದರೆ ತಾಳದ ಯಾವ ಆವರ್ತದಲ್ಲಿ, ಯಾವ ಸ್ವರಗುಚ್ಛ, ಅಂದರೆ ಒಟ್ಟಿಗೆ ನುಡಿಯುವ ಸ್ವರಗಳ ಕಟ್ಟು, ಎಂಬ ಲೆಕ್ಕ. ಒಂದು ಸುತ್ತು ಮಟ್ಟು ನುಡಿಸಿ, ಆಮೇಲೆ ಆ ಲೆಕ್ಕದ ಮೇಲೆ ಸುತ್ತು ಸುತ್ತಾಗಿ ಮನೋಧರ್ಮ.

‘ಬಾಡಿ ಅಂಡ್ ಸೋಲ್’ನ ಅಸ್ಥಿಪಂಜರವೇ ವಿಚಿತ್ರ. ಒಟ್ಟು ಮೂವತ್ತೆರಡು ಬಾರ್. ಎಂಟು ಬಾರ್‌ನ ಪಲ್ಲವಿ ಎರಡು ಸಲ, ನಡುವೆ ಬೇರೆ ಎಂಟು, ಮತ್ತೆ ಪಲ್ಲವಿ. ಇಷ್ಟು ಇಂಥ ಬಹಳಷ್ಟು ಹಾಡುಗಳಲ್ಲಿ ಇರುವುದೇ. ಇದರಲ್ಲಿ ಎತ್ತುಗಡೆಯೇ ಷಡ್ಜದ ಮೇಲಲ್ಲ. ರಿಷಭದ ಮೇಲೆ, ಅದೂ ತಾಳ ಬಿದ್ದು ಒಂದು ಗಳಿಗೆ ತಡೆದು, ಮನಸ್ಸಿಲ್ಲದ ಮನಸ್ಸಿನಿಂದ ಶುರುವಾಗುತ್ತದೆ. ನಡುವಿನ ಎಂಟು ಬಾರ್‌ಗೆ ಬಂದಾಗ ಷಡ್ಜವೇ ಕದಲುತ್ತದೆ. ಮೊದಲು ಅರ್ಧ ಸ್ವರ ಮೇಲಕ್ಕೆ. ಅಲ್ಲಿ ನಾಲ್ಕು ಬಾರ್ ಸಂಸಾರ ಹೂಡಿ, ಅಲ್ಲಿಂದ ಒಂದು ಪೂರ್ತಿ ಸ್ವರ ಕೆಳಕ್ಕೆ. ಮತ್ತೆ ಅಲ್ಲಿಂದ ಜಾರಿಕೊಂಡು ಮೊದಲಿದ್ದ ಜಾಗಕ್ಕೆ. ತಂಬೂರಿ ಹಿಡಿದು ಬೆಳೆದ ಕಿವಿಗೆ ಇದು ಸಣ್ಣ ಆಘಾತವಲ್ಲ. ನಮ್ಮಲ್ಲಿ ಏನು ಬೇಕಾದರೂ ಅಲುಗಾಡಲಿ, ಷಡ್ಜ ಅಲುಗಬಾರದು. ಗ್ರಹಭೇದದ ಆಟದಲ್ಲೂ ತಂಬೂರಿ ತನ್ನ ಪಾಡಿಗೆ ತಾನು ಮೀಟುತ್ತಲೇ ಇರುತ್ತದೆ. ಇಲ್ಲಿ ತಂಬೂರಿಯನ್ನೇ ಎತ್ತಿ ಪಕ್ಕದ ಕೋಣೆಗೆ ಇಟ್ಟಂತಾಗುತ್ತದೆ, ಹಾಡುತ್ತಿರುವಾಗಲೇ. ಗಾಯಕರಿಗೆ ಇದು ಕಷ್ಟ, ವಾದಕರಿಗೆ ಹಬ್ಬ. ಎಂಬತ್ತು, ತೊಂಬತ್ತು ವರ್ಷದಿಂದ ಸ್ಯಾಕ್ಸೊಫೋನಿನವರು ಈ ಎಂಟು ಬಾರ್‌ಗೋಸ್ಕರವೇ ಈ ಹಾಡನ್ನು ಬಿಡದೆ ಹಿಡಿದುಕೊಂಡಿದ್ದಾರೆಂದು ನನ್ನ ಗುಮಾನಿ.

ಲೂಯಿ ಆರ್ಮ್‌ಸ್ಟ್ರಾಂಗ್ 1930ರ ಅಕ್ಟೋಬರಿನಲ್ಲೇ ಲಾಸ್ ಏಂಜಲಿಸ್‌ನಲ್ಲಿ ಇದನ್ನು ಹಾಡಿ, ಕಹಳೆಯನ್ನೂ ಊದಿ ಪ್ಲೇಟು ಮಾಡಿದ. ಅಲ್ಲಿಂದ ಹಾಡು ಡ್ಯಾನ್ಸ್ ಬ್ಯಾಂಡುಗಳ ಕೈ ದಾಟಿ ಜಾಝ್‌ನವರ ಮನೆ ಸೇರಿತು. 1935ರ ಜುಲೈ 13ರಂದು ಬೆನ್ನಿ ಗುಡ್‌ಮನ್ ಕ್ಲಾರಿನೆಟ್, ಟೆಡ್ಡಿ ವಿಲ್ಸನ್ ಪಿಯಾನೋ, ಜೀನ್ ಕ್ರೂಪಾ ಡ್ರಮ್ಸ್, ಹೀಗೆ ಮೂವರೇ ಕೂತು ನುಡಿಸಿದ್ದು ಇನ್ನೊಂದು ಕಾರಣಕ್ಕೆ ನೆನಪಿಡಬೇಕಾದ ಪ್ಲೇಟು. ಗುಡ್‌ಮನ್, ಕ್ರೂಪಾ ಬಿಳಿಯರು, ವಿಲ್ಸನ್ ಕರಿಯ. ಮೂವರೂ ಒಂದೇ ವೇದಿಕೆಯ ಮೇಲೆ ಜನರೆದುರು ನಿಯಮಿತವಾಗಿ ನುಡಿಸಲು ಮರುವರ್ಷದವರೆಗೆ ಕಾಯಬೇಕಾಯಿತು. ಸ್ಟುಡಿಯೋಕ್ಕೆ ಆ ತಾಪತ್ರಯವಿರಲಿಲ್ಲ; ಪ್ಲೇಟು ಮುಖ ತೋರಿಸುವುದಿಲ್ಲವಲ್ಲ. ಪಕ್ಕದಲ್ಲಿ ಕೂರಬಾರದು, ಕೇಳಿದರೆ ಅಡ್ಡಿಯಿಲ್ಲ ಎನ್ನುವ ಧರ್ಮಸೂಕ್ಷ್ಮ ನಮಗೂ ಹೊಸದಲ್ಲ ಬಿಡಿ.

ಆ ಹೊತ್ತಿಗೆ ಈ ಹಾಡು ಸ್ಯಾಕ್ಸೊಫೋನ್ ಹುಡುಗರ ಪರೀಕ್ಷೆಯಾಗಿತ್ತು. ನಿಧಾನದ ಹಾಡನ್ನು ಹಿಡಿದು ದುಪ್ಪಟ್ಟು ಕಾಲದಲ್ಲಿ ಓಡಿಸುವುದು ಗಂಡಸ್ತನ. ಕ್ಯಾನ್ಸಸ್ ಸಿಟಿಯ ಒಬ್ಬ ಹುಡುಗ ಹಿರಿಯರ ಜೊತೆ ನುಡಿಸಲು ಹೋಗಿ, ಇದರಲ್ಲಿ ದುಪ್ಪಟ್ಟು ಕಾಲ ಹಾಕಲು ಹೊರಟು ಮುಗ್ಗರಿಸಿದ. ಇಡೀ ಕೋಣೆ ಬಿದ್ದು ಬಿದ್ದು ನಕ್ಕಿತು. ಹುಡುಗ ಮನೆಗೆ ಹೋಗಿ ಅತ್ತು, ಮೂರು ತಿಂಗಳು ವಾದ್ಯ ಮುಟ್ಟಲಿಲ್ಲ. ಇದನ್ನು ಮುಂದೆ ತಾನೇ ಹೇಳಿಕೊಂಡ ಆ ಹುಡುಗ ಚಾರ್ಲಿ ಪಾರ್ಕರ್. ಅವನ ಸಿಕ್ಕಿರುವ ಧ್ವನಿಮುದ್ರಣಗಳಲ್ಲಿ ತೀರಾ ಹಳೆಯದರಲ್ಲಿ ಒಂದು, ಪಕ್ಕವಾದ್ಯವಿಲ್ಲದೆ ಒಬ್ಬನೇ ನುಡಿಸಿದ ಖಾಸಗಿ ಡಿಸ್ಕು. ಅದರಲ್ಲಿ ಬರುವ ಎರಡು ಹಾಡುಗಳಲ್ಲಿ ಒಂದು ಇದೇ. ಬಿದ್ದ ಜಾಗದಲ್ಲೇ ಎದ್ದು ನಿಲ್ಲುವ ಹಟ ಅದು.

ಇನ್ನು ಹಾಕಿನ್ಸ್. ಮಿಸೂರಿಯವನು, 1904ರಲ್ಲಿ ಹುಟ್ಟಿದವನು, ಚಿಕ್ಕಂದಿನಲ್ಲೇ ಪಿಯಾನೋ, ಆಮೇಲೆ ಚೆಲ್ಲೋ, ಅದಾದ ಮೇಲೆ ಸ್ಯಾಕ್ಸೊಫೋನ್. ಚೆಲ್ಲೋ ಕಲಿತದ್ದು ಅವನ ದಪ್ಪ, ತುಂಬಿದ ನಾದದಲ್ಲಿ ಗೊತ್ತಾಗುತ್ತದೆ. ಹತ್ತು ವರ್ಷ ಫ್ಲೆಚರ್ ಹೆಂಡರ್ಸನ್ ಬ್ಯಾಂಡಿನಲ್ಲಿದ್ದು, 1934ರಲ್ಲಿ ಯೂರೋಪಿಗೆ ಹೋಗಿ ಐದು ವರ್ಷ ಅಲ್ಲೇ ಕಳೆದ. ಯುದ್ಧದ ಮೋಡ ಕವಿಯುತ್ತಿದ್ದಂತೆ 1939ರ ಬೇಸಗೆಯಲ್ಲಿ ವಾಪಸು ಬಂದು ನೋಡುತ್ತಾನೆ, ಊರಲ್ಲಿ ಹೊಸ ಹುಡುಗರು. ಲೆಸ್ಟರ್ ಯಂಗ್ ಎಂಬುವನು ತೆಳ್ಳಗೆ, ಹಗುರಕ್ಕೆ, ಬೇರೆಯೇ ಬಗೆಯಲ್ಲಿ ನುಡಿಸುತ್ತಿದ್ದಾನೆ. ಚೂ ಬೆರಿ ಹಿಂದಿನ ವರ್ಷವೇ ‘ಬಾಡಿ ಅಂಡ್ ಸೋಲ್’ ಪ್ಲೇಟು ಮಾಡಿಯಾಗಿದೆ. ಹಾಕಿನ್ಸ್ ಕಾಲ ಮುಗಿಯಿತೇನೋ ಎಂಬ ಪಿಸುಮಾತು. ಅವನು ನ್ಯೂಯಾರ್ಕಿನ ಕೆಲ್ಲೀಸ್ ಸ್ಟೇಬಲ್ ಎಂಬ ಕ್ಲಬ್ಬಿನಲ್ಲಿ ನುಡಿಸತೊಡಗಿದ. ರಾತ್ರಿ ಜಾರಿದ ಮೇಲೆ ಜನ ಇನ್ನೊಂದು ಎಂದಾಗ ನುಡಿಸುತ್ತಿದ್ದದ್ದು ಇದನ್ನು.

1939ರ ಅಕ್ಟೋಬರ್ 11ರಂದು ಬ್ಲೂಬರ್ಡ್‌ಗೆ ರೆಕಾರ್ಡಿಂಗ್. ಬ್ಲೂಬರ್ಡ್ ಎಂದರೆ ನಮ್ಮ ಹಿರಿಯರಿಗೆ ಗೊತ್ತಿದ್ದ ನಾಯಿ ಮಾರ್ಕಿನ ಪ್ಲೇಟಿನ ಅಮೆರಿಕದ ದಾಯಾದಿ ವಿಕ್ಟರ್ ಕಂಪನಿಯ ಅಗ್ಗದ ಲೇಬಲ್, ಪ್ಲೇಟಿಗೆ ಮೂವತ್ತೈದು ಸೆಂಟು. ಒಂಬತ್ತು ಜನರ ತಂಡ, ನಾಲ್ಕು ಹಾಡು. ‘ಬಾಡಿ ಅಂಡ್ ಸೋಲ್’ ನುಡಿಸುವ ಉದ್ದೇಶ ಹಾಕಿನ್ಸ್‌ಗೆ ಇರಲಿಲ್ಲ, ಕಂಪನಿಯವರು ಹಿಡಿದು ಕೂರಿಸಿದರು ಎನ್ನುತ್ತಾರೆ. ಬರೆದಿಟ್ಟ ಏರ್ಪಾಡೇನೂ ಇಲ್ಲದೆ, ಕೊನೆಗೆ, ಒಂದೇ ಟೇಕು.

ಪ್ಲೇಟು ಹೀಗಿದೆ. ಜೀನ್ ರಾಜರ್ಸ್‌ನ ಪಿಯಾನೋ ನಾಲ್ಕು ಬಾರ್. ಹಾಕಿನ್ಸ್ ಒಳಗೆ ಬರುತ್ತಾನೆ. ಮಾತಾಡುವ ದನಿಗಿಂತ ಜೋರಿಲ್ಲ. ಮೊದಲ ಕೆಲವು ಬಾರ್ ಗ್ರೀನನ ಮಟ್ಟನ್ನು ಮುಟ್ಟಿಯೂ ಮುಟ್ಟದ ಹಾಗೆ ನುಡಿಸುತ್ತಾನೆ, ಪರಿಚಯದವರ ಮನೆ ಮುಂದೆ ಹಾಯುವಾಗ ಕೈ ಎತ್ತಿ ಹೋಗುವವರಂತೆ. ಅಷ್ಟೇ. ಆಮೇಲೆ ಆ ಕಡೆ ತಿರುಗಿ ನೋಡುವುದಿಲ್ಲ. ಒಂದೊಂದು ಸ್ವರಗುಚ್ಛದ ಒಳಗೂ ಹೊಕ್ಕು, ಅದರ ಪ್ರತಿ ಸ್ವರವನ್ನೂ ಮುಟ್ಟಿ, ಮುಂದಿನ ಗುಚ್ಛಕ್ಕೆ ದಾಟಲು ನಡುವೆ ತಾನೇ ಒಂದು ಗುಚ್ಛ ಸೇರಿಸಿ ಹತ್ತುತ್ತಾನೆ. ಷಡ್ಜ ಕದಲುವ ಆ ಎಂಟು ಬಾರ್ ಬಂದಾಗ ಉಳಿದವರು ಎಚ್ಚರದಿಂದ ಕಾಲಿಡುತ್ತಿದ್ದರು. ಇವನಿಗೆ ಅದು ಗೊತ್ತೇ ಆಗುವುದಿಲ್ಲ. ಒಂದೇ ಉಸಿರಿನಲ್ಲಿ ಹೊಸ ಷಡ್ಜದ ಒಳಗಿರುತ್ತಾನೆ. ಎರಡನೆಯ ಸುತ್ತಿನಲ್ಲಿ ಉಳಿದ ಊದುವಾದ್ಯಗಳು ಹಿಂದಿನಿಂದ ಮೆಲ್ಲಗೆ ಸ್ವರ ಹಿಡಿಯುತ್ತವೆ, ಅವನ ದನಿ ಏರುತ್ತದೆ, ದಪ್ಪವಾಗುತ್ತದೆ, ಕೊನೆಯ ಪಲ್ಲವಿಯ ಹೊತ್ತಿಗೆ ಬೇಡಿಕೆಯೋ ಜಗಳವೋ ತಿಳಿಯದ ಎತ್ತರ ಮುಟ್ಟಿ, ಥಟ್ಟನೆ ಇಳಿದು ಮುಗಿಯುತ್ತದೆ. ಎರಡು ಸುತ್ತು, ಅರವತ್ನಾಲ್ಕು ಬಾರ್, ಮೂರು ನಿಮಿಷ.

ಮೂರೇ ನಿಮಿಷ ಯಾಕೆಂದರೆ ಹತ್ತು ಇಂಚಿನ 78 ಆರ್‌ಪಿಎಂ ಪ್ಲೇಟು ಹಿಡಿಯುವುದೇ ಅಷ್ಟು. ಈ ಇಕ್ಕಟ್ಟನ್ನು ಮೊದಲು ಪಳಗಿಸಿದವರಲ್ಲಿ ಒಬ್ಬರು ನಮ್ಮ ಮೈಸೂರಿನ ಆಸ್ಥಾನದಲ್ಲಿ ಕೊನೆಯ ದಿನ ಕಳೆದ ಗೌಹರ್ ಜಾನ್. 1902ರಲ್ಲಿ ಕಲ್ಕತ್ತೆಯಲ್ಲಿ ಗ್ರಾಮಫೋನ್ ಬಾಯಿಗೆ ಹಾಡಿ, ಗಂಟೆಗಟ್ಟಲೆ ಹಿಗ್ಗುವ ಸಂಗೀತವನ್ನು ಮೂರು ನಿಮಿಷಕ್ಕೆ ಅಡಕ ಮಾಡಿ, ಕೊನೆಗೆ ಇಂಗ್ಲಿಷಿನಲ್ಲಿ ತಮ್ಮ ಹೆಸರನ್ನೂ ಹೇಳಿ ಮುಗಿಸುತ್ತಿದ್ದರು. ಅವರು ಮೈಸೂರಿನಲ್ಲಿ ತೀರಿಕೊಂಡದ್ದು 1930ರ ಜನವರಿಯಲ್ಲಿ, ‘ಬಾಡಿ ಅಂಡ್ ಸೋಲ್’ ಪ್ಲೇಟಾದ ವರ್ಷ. ಹಾಕಿನ್ಸ್ ಕ್ಲಬ್ಬಿನಲ್ಲಿ ಇದೇ ಹಾಡನ್ನು ಎಷ್ಟು ಸುತ್ತು ಬೇಕಾದರೂ ನುಡಿಸಬಹುದಿತ್ತು. ಅದನ್ನು ಕೇಳಿದವರು ಪುಣ್ಯವಂತರು, ಆದರೆ ಉಳಿದದ್ದು ಇಕ್ಕಟ್ಟಿನಲ್ಲಿ ನುಡಿಸಿದ ಈ ಎರಡು ಸುತ್ತು. ಜಾಗ ಕಡಿಮೆಯಿದ್ದದ್ದರಿಂದಲೇ ಅವನು ಮಟ್ಟಿಗೆ ಒಂದು ಸುತ್ತು ಖರ್ಚು ಮಾಡಲಿಲ್ಲವೋ ಏನೋ ಎಂದು ನನಗೆ ಅನ್ನಿಸುವುದುಂಟು.

ತಾರೀಕಿನ ವಿಷಯ ಬಂದಿದ್ದರಿಂದ ಇನ್ನೊಂದು. ಸ್ಯಾಕ್ಸೊಫೋನ್ ಎಂದರೆ ನಮಗೆ ಕದ್ರಿ ಗೋಪಾಲನಾಥರು. ನಾಗಸ್ವರದ ಮನೆಯ ಹುಡುಗ ಮೈಸೂರು ಅರಮನೆಯ ಬ್ಯಾಂಡಿನಲ್ಲಿ ಈ ವಾದ್ಯ ಕೇಳಿ ಮರುಳಾದದ್ದು, ವರ್ಷಗಟ್ಟಲೆ ಹೆಣಗಿ ಅದರಿಂದ ಗಮಕ ಹೊರಡಿಸಿದ್ದು ಎಲ್ಲರಿಗೂ ಗೊತ್ತು. ಅವರು ತೀರಿಕೊಂಡದ್ದು 2019ರ ಅಕ್ಟೋಬರ್ 11, ಹಾಕಿನ್ಸ್‌ನ ಪ್ಲೇಟಿಗೆ ಸರಿಯಾಗಿ ಎಂಬತ್ತು ತುಂಬಿದ ದಿನ. ಇದರಲ್ಲಿ ಅರ್ಥ ಹುಡುಕುವ ಚಟ ನನಗಿಲ್ಲ. ಕಣ್ಣಿಗೆ ಬಿದ್ದ ಮೇಲೆ ಮರೆಯಲೂ ಆಗಲಿಲ್ಲ.

ಮಟ್ಟನ್ನೇ ಬಿಟ್ಟ ಹಾಕಿನ್ಸ್‌ನ ಪ್ಲೇಟನ್ನು ಪಂಡಿತರು ಮೆಚ್ಚಿದರೆ ಆಶ್ಚರ್ಯವಿರಲಿಲ್ಲ. ಮೆಚ್ಚಿದವರು ಜನ. ಹೋಟೆಲು, ಬಾರುಗಳ ಜೂಕ್‌ಬಾಕ್ಸಿಗೆ ನಾಣ್ಯ ಹಾಕಿ ಹಾಕಿ ಕೇಳಿದರು. ಗೊಣಗಿದವರು ವಾದಕರು. ಮೊದಮೊದಲು ಚೂ ಬೆರಿಯೂ ಸೇರಿ ಎಲ್ಲರೂ ಅಪಸ್ವರ ನುಡಿಸಿದ್ದೀಯ ಅಂದರೆಂದು ಹಾಕಿನ್ಸ್ ಮುಂದೆ ನೆನೆಸಿಕೊಂಡಿದ್ದಾನೆ. ಅವನು ನಡುವೆ ಸೇರಿಸಿದ ಗುಚ್ಛಗಳು ಅವರ ಕಿವಿಗೆ ಇನ್ನೂ ಒಗ್ಗಿರಲಿಲ್ಲ. ಆಮೇಲೆ ಅದೇ ಹುಡುಗರು ಆ ಅಪಸ್ವರಗಳನ್ನೇ ಒಂದು ಬಿಡದೆ ಬಾಯಿಪಾಠ ಮಾಡಿದರು.

ಹಾಕಿನ್ಸ್ ಸಿಕ್ಕಿಬಿದ್ದದ್ದು ಅಲ್ಲೇ. ಆ ಹೊತ್ತಿಗೆ ಹೊಳೆದದ್ದನ್ನು ಒಂದೇ ಸಲ ನುಡಿಸಿ ಎದ್ದು ಹೋಗಿದ್ದ. ಜನಕ್ಕೆ ಅದು ಶಾಸನವಾಯಿತು. ಮುಂದೆ ಎಲ್ಲಿ ಹೋದರೂ ಇದನ್ನೇ ನುಡಿಸು, ಪ್ಲೇಟಿನಲ್ಲಿದ್ದ ಹಾಗೆಯೇ ನುಡಿಸು ಎಂಬ ಕೋರಿಕೆ. ನಮ್ಮ ಭೀಮಸೇನ ಜೋಶಿಯವರೂ ಎರಡು ಗಂಟೆ ರಾಗ ಹಾಡಿದ ಮೇಲೆ ‘ಭಾಗ್ಯದ ಲಕ್ಷ್ಮಿ’ ಎಂಬ ಕೂಗನ್ನು ಎಷ್ಟು ಸಲ ಕೇಳಿರಬೇಕು! ಹಾಡಿದರೆ, ಕ್ಯಾಸೆಟ್ಟಿನಲ್ಲಿ ಈ ಜಾಗದಲ್ಲಿ ಹೀಗಿರಲಿಲ್ಲವಲ್ಲ ಎಂದು ಹಿಂದಿನ ಸಾಲಿನಲ್ಲಿ ಪಿಸುಗುಟ್ಟುವ ಜನ ನಾವು. ನಾನಂತೂ ಆ ಸಾಲಿನ ಖಾಯಂ ಗಿರಾಕಿ.

ಹಾಕಿನ್ಸ್ ಆದಮೇಲೆ ಈ ಹಾಡನ್ನು ಮುಟ್ಟಬೇಕಾದವರ ಸಂಕಟ ಯೋಚಿಸಿ. ಗಾಯಕರಿಗೆ ಅಷ್ಟು ಕಷ್ಟವಿಲ್ಲ, ಅವರಿಗೆ ಸಾಹಿತ್ಯದ ಆಸರೆ ಇದೆ. ಬಿಲ್ಲಿ ಹಾಲಿಡೇ 1940ರ ಆರಂಭದಲ್ಲೇ ಹಾಡಿದಳು, ಆ ತುರುಕಿದ ಸಾಲುಗಳೂ ನಿಜವೆನ್ನಿಸುವ ಹಾಗೆ. ಸಾರಾ ವಾನ್ ಬಹಳ ವರ್ಷ ಬಿಟ್ಟು, 1978ರಲ್ಲಿ, ಉಳಿದ ವಾದ್ಯಗಳನ್ನೆಲ್ಲ ಹೊರಗಿಟ್ಟು ರೇ ಬ್ರೌನ್‌ನ ಬೇಸ್ ಒಂದನ್ನೇ ಇಟ್ಟುಕೊಂಡು ಹಾಡಿದ್ದು ನನಗೆ ಇನ್ನೂ ಇಷ್ಟ. ಸ್ಯಾಕ್ಸೊಫೋನಿನವರಿಗೆ ತಪ್ಪಿಸಿಕೊಳ್ಳಲು ಬೇರೆ ಬಾಗಿಲೇ ಬೇಕಿತ್ತು. ಅದನ್ನು ತೆಗೆದವನು ಜಾನ್ ಕೋಲ್ಟ್ರೇನ್, 1960ರ ಅಕ್ಟೋಬರಿನಲ್ಲಿ. ಮ್ಯಾಕಾಯ್ ಟೈನರ್ ಪಿಯಾನೋದಲ್ಲಿ ಒಂದು ಸಣ್ಣ ತುಣುಕನ್ನು ಹಿಡಿದು ಅದನ್ನೇ ತಿರುಗಿಸುತ್ತಿರುತ್ತಾನೆ. ತಂಬೂರಿ ಇಲ್ಲದ ಮನೆಗೆ ತಂಬೂರಿ ತಂದ ಹಾಗಾಯಿತು. ಅದರ ಮೇಲೆ ಕೋಲ್ಟ್ರೇನ್ ಮಟ್ಟನ್ನು ನೆಟ್ಟಗೆ, ಎಲ್ಲರಿಗೂ ಗುರುತು ಸಿಗುವಂತೆ ನುಡಿಸುತ್ತಾನೆ. ನಡುವಿನ ಎಂಟು ಬಾರ್‌ನಲ್ಲಿ ಮಾತ್ರ ತನ್ನದೇ ಲೆಕ್ಕ ಹಾಕುತ್ತಾನೆ. ಇಪ್ಪತ್ತೊಂದು ವರ್ಷದಲ್ಲಿ ಪರಿಸ್ಥಿತಿ ತಿರುಗಿಬಿದ್ದಿತ್ತು: ಹಾಕಿನ್ಸ್‌ನಿಂದ ದೂರ ಹೋಗಬೇಕಾದವನು ಗ್ರೀನನ ಹತ್ತಿರ ಬರಬೇಕಾಗಿತ್ತು. 2008ರಲ್ಲಿ ಎಸ್ಪರಾನ್ಸಾ ಸ್ಪಾಲ್ಡಿಂಗ್ ಇದನ್ನು ಸ್ಪ್ಯಾನಿಷಿನಲ್ಲಿ, ಐದರ ಲೆಕ್ಕದಲ್ಲಿ ಹಾಡಿದಳು. ಖಂಡ ನಡೆ ಗೊತ್ತಿರುವ ನಮ್ಮವರು ಕೂತಲ್ಲೇ ತಾಳ ಹಾಕಬಹುದು.

2011ರ ಮಾರ್ಚಿನಲ್ಲಿ ಲಂಡನ್ನಿನ ಆಬಿ ರೋಡ್ ಸ್ಟುಡಿಯೋದಲ್ಲಿ ಟೋನಿ ಬೆನೆಟ್ ಜೊತೆ ಏಮಿ ವೈನ್‌ಹೌಸ್ ಹಾಡಿದಳು. ಅವರಿಗೆ ಎಂಬತ್ನಾಲ್ಕು, ಅವಳಿಗೆ ಇಪ್ಪತ್ತೇಳು. ಆಸಿಫ್ ಕಪಾಡಿಯಾ ಮಾಡಿದ ಸಾಕ್ಷ್ಯಚಿತ್ರದಲ್ಲಿ ಆ ದಿನದ ಒಂದಿಷ್ಟು ಭಾಗವಿದೆ. ಹಾಡುತ್ತಾ ಹಾಡುತ್ತಾ ನಿಲ್ಲಿಸುತ್ತಾಳೆ. ತನ್ನ ಮೇಲೇ ಸಿಡುಕುತ್ತಾಳೆ. ಹಿರಿಯರ ಸಮಯ ಹಾಳುಮಾಡುತ್ತಿದ್ದೇನೆ ಎಂಬ ಅಳುಕು. ಆ ಮುದುಕಪ್ಪ ಕೊಂಚವೂ ಅವಸರವಿಲ್ಲದೆ, ಗಾಯಕಿ ಡೈನಾ ವಾಷಿಂಗ್ಟನ್ ಹೆಸರು ತೆಗೆದು ಮಾತಿಗೆಳೆಯುತ್ತಾರೆ. ಅವಳ ಮುಖ ಅರಳುತ್ತದೆ. ಜುಲೈ 23ರಂದು ಅವಳು ತೀರಿಕೊಂಡಳು. ಪ್ಲೇಟು ಹೊರಬಂದದ್ದು ಸೆಪ್ಟೆಂಬರ್ 14, ಅವಳ ಹುಟ್ಟುಹಬ್ಬದಂದು. ಗ್ರ್ಯಾಮಿಯೂ ಬಂತು. ಅಷ್ಟೂ ಗೊತ್ತಿದ್ದು ಕೇಳುವಾಗ ಹಾಡಿನ ಗುಣದೋಷ ಹೇಳುವುದು ನನ್ನಿಂದಾಗದು. ಆದರೂ ಹೇಳಿಬಿಡುತ್ತೇನೆ: ಅವಳು ಸಾಲಿನ ತುದಿಯನ್ನು ಎಳೆಯುವ ರೀತಿಯಲ್ಲಿ, ತಾಳಕ್ಕೆ ಒಂದು ಕೂದಲೆಳೆ ಹಿಂದೆ ಉಳಿಯುವ ರೀತಿಯಲ್ಲಿ, ಬಿಲ್ಲಿ ಹಾಲಿಡೇಯನ್ನು ಕೇಳಿ ಬೆಳೆದ ಕಿವಿ ಗೊತ್ತಾಗುತ್ತದೆ.

ಹಾಕಿನ್ಸ್‌ನ ಪ್ಲೇಟಿಗೆ ಇನ್ನೊಂದು ವಿಚಿತ್ರ ಗತಿಯೂ ಕಾದಿತ್ತು. ಎಡ್ಡಿ ಜೆಫರ್ಸನ್ ಎಂಬ ಗಾಯಕ, ಆ ಎರಡು ಸುತ್ತಿನ ಸ್ಯಾಕ್ಸೊಫೋನ್ ವಾದನಕ್ಕೆ ಸ್ವರಕ್ಕೊಂದು ಅಕ್ಷರದಂತೆ ಸಾಹಿತ್ಯ ಬರೆದ. ಸಾಹಿತ್ಯದ ವಿಷಯ ಹಾಕಿನ್ಸನೇ. ಹಾಡಿನಿಂದ ಮಾತನ್ನೂ ಮಟ್ಟನ್ನೂ ತೆಗೆದುಹಾಕಿದವನ ಮನೋಧರ್ಮವೇ ಮತ್ತೆ ಮಟ್ಟಾಗಿ, ಅದಕ್ಕೆ ಮತ್ತೆ ಮಾತು ಬಂತು. 1979ರಲ್ಲಿ ಮ್ಯಾನ್‌ಹಟನ್ ಟ್ರಾನ್ಸ್‌ಫರ್ ತಂಡ ಅದನ್ನು ನಾಲ್ಕು ಕಂಠದಲ್ಲಿ ಹಾಡಿತು. ನನ್ನ ಭಾವಮೈದುನನ ಪ್ರಶ್ನೆಗೆ ಇದಕ್ಕಿಂತ ಸೊಗಸಾದ ಉತ್ತರವಿಲ್ಲ, ಅವನಿಗೆ ಕೇಳುವ ತಾಳ್ಮೆಯಿದ್ದರೆ.

ಕಾನೂನಿನ ಉತ್ತರ ಬೇರೆ. ಹಾಕಿನ್ಸ್ ಮಟ್ಟನ್ನು ನುಡಿಸಲಿ ಬಿಡಲಿ, ಪ್ಲೇಟಿನ ಹೆಸರು ‘ಬಾಡಿ ಅಂಡ್ ಸೋಲ್’ ಆಗಿರುವ ತನಕ ರಚನಕಾರರ ಪಾಲು ಗ್ರೀನ್ ಮತ್ತು ಆ ಮೂವರು ಸಾಹಿತ್ಯದವರದಾಗಿತ್ತು. ಹೊಳೆದದ್ದನ್ನು ನುಡಿಸಿದವನಿಗೆ ಅದರಲ್ಲಿ ಬಿಡಿಕಾಸಿರಲಿಲ್ಲ. ಆದರೆ ಸ್ವರಗುಚ್ಛಗಳ ಲೆಕ್ಕಕ್ಕೆ ಯಾರ ಹಕ್ಕೂ ಇಲ್ಲ. 1944ರ ಫೆಬ್ರವರಿಯಲ್ಲಿ ಹಾಕಿನ್ಸ್, ಡಿಝಿ ಗಿಲ್ಲೆಸ್ಪಿಯಂಥ ಹೊಸ ಹುಡುಗರನ್ನು ಸೇರಿಸಿಕೊಂಡು ಅದೇ ಲೆಕ್ಕದ ಮೇಲೆ ಹೊಸದಾಗಿ ನುಡಿಸಿದ. ಈ ಸಲ ಗ್ರೀನನ ಮನೆ ಕಡೆ ಕೈ ಎತ್ತುವ ಸೌಜನ್ಯವನ್ನೂ ಬಿಟ್ಟ. ಹೆಸರು ‘ರೇನ್‌ಬೋ ಮಿಸ್ಟ್’, ರಚನೆ ಕೋಲ್ಮನ್ ಹಾಕಿನ್ಸ್.